ಮಗಳು ಇಸ್ರೋ ಮಿಷನ್ ನಡೆಸಬೇಕು ಅನ್ನುತ್ತಾಳೆ, ಏನು ಹೇಳಲಿ?

ಪ್ರಶ್ನೆ: ನಾನು ತಿಪಟೂರಿನಲ್ಲಿ ಕೊಬ್ಬರಿ ವ್ಯಾಪಾರ ಮಾಡುತ್ತೇನೆ. ಮಗಳು ತುಮಕೂರಿನಲ್ಲಿ ಇಂಜಿನಿಯರಿಂಗ್ ಎರಡನೇ ವರ್ಷ, ಎಲೆಕ್ಟ್ರಾನಿಕ್ಸ್. ಪಿಯುಸಿಯಲ್ಲಿದ್ದಾಗ ಚಂದ್ರಯಾನ-3 ಇಳಿದದ್ದನ್ನು ಟಿವಿಯಲ್ಲಿ ನೋಡಿದಳು. ಅವತ್ತಿಂದ ‘ನಾನೂ ಅಂಥದ್ದೊಂದು ಮಿಷನ್ ನಡೆಸುತ್ತೇನೆ’ ಅನ್ನುತ್ತಾಳೆ. ನೀವು ಉಪಗ್ರಹಗಳ ಕೆಲಸದಲ್ಲೇ ಇದ್ದು ನಿವೃತ್ತರಾದವರು. ಆ ಜನರ ಬದುಕು ನಿಜಕ್ಕೂ ಹೇಗಿರುತ್ತದೆ? ಐಐಟಿಯಲ್ಲಿ ಓದಿರಲೇಬೇಕಾ? ಸಂಬಳ ಎಷ್ಟು? ಹೆಣ್ಣುಮಗಳಿಗೆ ಮದುವೆ, ಮನೆ, ಮಕ್ಕಳ ಜೊತೆ ಇದು ಆಗುವ ಮಾತಾ? ನೂರಾರು ಕೋಟಿಯ ಮಿಷನ್ ಹಾಳಾದರೆ ಅವಳ ಗತಿ ಏನು? ಇದ್ದದ್ದು ಇದ್ದ ಹಾಗೆ ಹೇಳಿ.

ಉತ್ತರ: ಕೊನೆಯ ಪ್ರಶ್ನೆಯನ್ನೇ ಮೊದಲು ತೆಗೆದುಕೊಳ್ಳುತ್ತೇನೆ. ನಿಮಗೆ ಹೆದರಿಕೆ ಇರುವುದು ಅದರಲ್ಲೇ ಅಂತ ಪತ್ರ ಓದಿದಾಗ ಅನಿಸಿತು.

1979ರ ಆಗಸ್ಟ್ 10ರಂದು ಶ್ರೀಹರಿಕೋಟಾದಿಂದ ಎಸ್‌ಎಲ್‌ವಿ-3 ರಾಕೆಟ್ ಮೊದಲ ಸಲ ಹಾರಿತು. ಅದರ ಪ್ರಾಜೆಕ್ಟ್ ಡೈರೆಕ್ಟರ್ ಎ.ಪಿ.ಜೆ. ಅಬ್ದುಲ್ ಕಲಾಂ. ಒಂದು ವಾಲ್ವ್ ಕೈಕೊಟ್ಟು ರಾಕೆಟ್ ಬಂಗಾಳ ಕೊಲ್ಲಿಗೆ ಬಿತ್ತು. ಅವತ್ತು ಪತ್ರಕರ್ತರ ಮುಂದೆ ಕೂತು ಉತ್ತರ ಕೊಟ್ಟವರು ಇಸ್ರೋ ಅಧ್ಯಕ್ಷ ಸತೀಶ್ ಧವನ್. ಮರುವರ್ಷ ಜುಲೈ 18ಕ್ಕೆ ಎಸ್‌ಎಲ್‌ವಿ-3 ರೋಹಿಣಿ ಉಪಗ್ರಹವನ್ನು ಕಕ್ಷೆ ಮುಟ್ಟಿಸಿತು. ಆಗ ಧವನ್ ಹಿಂದೆ ಸರಿದು ಕಲಾಂ ಅವರನ್ನೇ ಪತ್ರಕರ್ತರ ಮುಂದೆ ಕಳಿಸಿದರು. ಇದನ್ನು ಕಲಾಂ ತಾವೇ ಎಷ್ಟೋ ಭಾಷಣಗಳಲ್ಲಿ ಹೇಳಿಕೊಂಡಿದ್ದಾರೆ. ನೀವೂ ಕೇಳಿರುತ್ತೀರಿ.

ಎಲ್ಲರೂ ಇದನ್ನು ಧವನ್ ಅವರ ದೊಡ್ಡತನ ಅಂತ ಹೇಳಿ ಬಿಡುತ್ತಾರೆ. ದೊಡ್ಡತನ ಹೌದು. ಆದರೆ ಇದರಲ್ಲಿ ಕೆಲಸದ ಲೆಕ್ಕಾಚಾರವೂ ಇದೆ. ರಾಕೆಟ್ ಯಾಕೆ ಬಿತ್ತು ಅಂತ ಹುಡುಕಬೇಕಾದವರು ಅದನ್ನು ಕಟ್ಟಿದವರೇ. ಅವರು ಹೆದರಿ ಬಾಯಿ ಮುಚ್ಚಿಕೊಂಡರೆ ಮುಂದಿನ ರಾಕೆಟ್ಟೂ ಅದೇ ಕಾರಣಕ್ಕೆ ಬೀಳುತ್ತದೆ. ಹಾಗಾಗಿ ಏನಾದರೂ ಕೆಟ್ಟಾಗ ಒಂದು ಸಮಿತಿ ಕೂರುತ್ತದೆ. ಅದು ಕೇಳುವುದು ಯಾವ ವಾಲ್ವ್, ಯಾವ ಹೊತ್ತು, ಯಾವ ಪರೀಕ್ಷೆಯಲ್ಲಿ ಇದು ಕಣ್ತಪ್ಪಿತು ಅಂತ. ಮಿಷನ್ ಫೇಲಾಯಿತು ಅಂತ ಪ್ರಾಜೆಕ್ಟ್ ಡೈರೆಕ್ಟರನ್ನು ಮನೆಗೆ ಕಳಿಸುವ ಪದ್ಧತಿ ಇಲ್ಲ. ಮಗಳ ಕೆಲಸ ಹೋಗುತ್ತದೆ ಅನ್ನುವ ಚಿಂತೆ ಬೇಡ. ನಿದ್ದೆ ಹೋಗುತ್ತದೆ, ಅದು ಬೇರೆ ಮಾತು.

ಚಂದ್ರಯಾನ-2ನ್ನು ನೋಡಿ. 2019ರ ಸೆಪ್ಟೆಂಬರ್ 7ರ ಬೆಳಗಿನ ಜಾವ ವಿಕ್ರಮ್ ಲ್ಯಾಂಡರ್ ನೆಲ ಮುಟ್ಟುವ ಸ್ವಲ್ಪ ಮೊದಲು ಸಂಪರ್ಕ ಕಡಿದುಹೋಯಿತು. ಆ ರಾತ್ರಿಯ ಕಣ್ಣೀರನ್ನು ಇಡೀ ದೇಶ ಟಿವಿಯಲ್ಲಿ ನೋಡಿತು. ನಿಜವಾದ ಕೆಲಸ ಶುರುವಾದದ್ದು ಟಿವಿಯವರು ಎದ್ದು ಹೋದ ಮೇಲೆ. ಲ್ಯಾಂಡರ್ ತನ್ನ ಸ್ಥಿತಿಗತಿ ಬಗ್ಗೆ ಕೊನೆಯವರೆಗೂ ಅಂಕಿಗಳನ್ನು ಕಳಿಸುತ್ತಲೇ ಇತ್ತು. ಅದಕ್ಕೆ ಟೆಲಿಮೆಟ್ರಿ ಅನ್ನುತ್ತಾರೆ. ಆ ಅಂಕಿಗಳನ್ನು ಮುಂದಿಟ್ಟುಕೊಂಡು ಒಂದೊಂದು ಸೆಕೆಂಡೂ ಬಿಡದೆ ಓದಿದರು.

ಸಿಕ್ಕಿದ್ದು ಇಷ್ಟು. ವೇಗ ತಗ್ಗಿಸುವ ಐದು ಇಂಜಿನ್‌ಗಳು ಅಂದುಕೊಂಡದ್ದಕ್ಕಿಂತ ತುಸು ಜಾಸ್ತಿಯೇ ನೂಕಿದವು. ಅದೇ ಹೊತ್ತಿಗೆ ಕ್ಯಾಮೆರಾ ಕೆಳಗಿನ ನೆಲದ ಚಿತ್ರ ತೆಗೆಯಬೇಕಿತ್ತು, ಅದಕ್ಕಾಗಿ ಲ್ಯಾಂಡರ್ ಅಲುಗಾಡದೆ ಸಾಗುತ್ತಿತ್ತು. ಹಾಗಾಗಿ ತಪ್ಪನ್ನು ಆಗಿಂದಾಗಲೇ ತಿದ್ದಿಕೊಳ್ಳಲಿಲ್ಲ, ಅದು ಸೇರುತ್ತಾ ಹೋಯಿತು. ಆಮೇಲೆ ತಿದ್ದಿಕೊಳ್ಳಲು ಹೊರಟಾಗ ಬೇಗ ಬೇಗ ತಿರುಗಬೇಕಾಯಿತು. ಎಷ್ಟು ಬೇಗ ತಿರುಗಬಹುದು ಅನ್ನುವುದಕ್ಕೆ ಸಾಫ್ಟ್‌ವೇರಿನಲ್ಲಿ ಮಿತಿ ಹಾಕಲಾಗಿತ್ತು. ಇದರ ಮೇಲೆ, ಇಳಿಯಲು ಗುರುತು ಮಾಡಿದ ಜಾಗ 500 ಮೀಟರ್ ಉದ್ದ, 500 ಮೀಟರ್ ಅಗಲ ಅಷ್ಟೇ. ಅಲ್ಲಿಗೇ ತಲುಪಬೇಕು ಅಂತ ಲ್ಯಾಂಡರ್ ಇನ್ನಷ್ಟು ವೇಗ ಪಡೆದುಕೊಂಡಿತು. ಇದನ್ನೆಲ್ಲ 2023ರಲ್ಲಿ ಇಸ್ರೋ ಅಧ್ಯಕ್ಷರಾಗಿದ್ದ ಎಸ್. ಸೋಮನಾಥ್ ಎಲ್ಲರೆದುರೇ ಬಿಡಿಸಿ ಹೇಳಿದರು. ಗಮನಿಸಿ, ಯಾವ ಭಾಗವೂ ಒಡೆದುಹೋಗಿರಲಿಲ್ಲ. ಒಂದೊಂದೇ ನೋಡಿದರೆ ಚಿಕ್ಕ ಚಿಕ್ಕ ವಿಷಯ. ಮೂರೂ ಒಟ್ಟಿಗೆ ಬಂದವು.

ಚಂದ್ರಯಾನ-3ರಲ್ಲಿ ಯೋಚನೆಯ ದಿಕ್ಕನ್ನೇ ತಿರುಗಿಸಿದರು. ಎಲ್ಲ ಸರಿಯಾಗಿ ನಡೆದರೆ ಹೇಗೆ ಇಳಿಯುತ್ತೇವೆ ಅನ್ನುವ ಬದಲು, ಏನೇನು ಕೆಡಬಹುದು ಅಂತ ಪಟ್ಟಿ ಮಾಡಿದರು. ಸೆನ್ಸರ್ ಕೆಟ್ಟರೆ? ಇಂಜಿನ್ ಕೆಟ್ಟರೆ? ಲೆಕ್ಕ ತಪ್ಪಿದರೆ? ಅಷ್ಟೆಲ್ಲ ಕೆಟ್ಟರೂ ಇಳಿಯುವಂತಿರಬೇಕು ಅಂತ ಕಟ್ಟಿದರು. ಇಳಿಯುವ ಜಾಗ 4 ಕಿ.ಮೀ. ಉದ್ದ, 2.4 ಕಿ.ಮೀ. ಅಗಲಕ್ಕೆ ಹಿಗ್ಗಿತು. ಐದು ಇಂಜಿನ್‌ಗಳಲ್ಲಿ ನಡುವಿನದ್ದನ್ನು ತೆಗೆದು ನಾಲ್ಕಕ್ಕೆ ಇಳಿಸಿದರು. ಸೆಕೆಂಡಿಗೆ 3 ಮೀಟರ್ ವೇಗದಲ್ಲಿ ನೆಲಕ್ಕೆ ಬಡಿದರೂ ತಡೆಯುವ ಹಾಗೆ ಕಾಲುಗಳನ್ನು ಗಟ್ಟಿ ಮಾಡಿದರು. ಇಂಧನ ಜಾಸ್ತಿ ತುಂಬಿದರು. ಲೇಸರ್‌ನಿಂದ ವೇಗ ಅಳೆಯುವ ಹೊಸ ಸಾಧನ ಸೇರಿಸಿದರು. ಇಳಿಯುವ ಸೆನ್ಸರ್‌ಗಳನ್ನು ಹೆಲಿಕಾಪ್ಟರಿಗೆ ಕಟ್ಟಿ ಹಾರಿಸಿ ನೋಡಿದರು. ಇಂಜಿನ್ ಉರಿಸುವ ಪರೀಕ್ಷೆಯನ್ನು ಕ್ರೇನಿಗೆ ತೂಗುಹಾಕಿ ಮಾಡಿದರು. ನಿಮ್ಮ ಕಡೆಯಿಂದ ಶಿರಾ, ಹಿರಿಯೂರು ದಾಟಿದರೆ ಚಳ್ಳಕೆರೆ ಸಿಗುತ್ತದಲ್ಲ, ಅಲ್ಲಿನ ಉಳ್ಳಾರ್ತಿ ಕಾವಲಿನಲ್ಲಿ ಚಂದ್ರಯಾನ-2ರ ಹೊತ್ತಿಗೇ ಚಂದ್ರನ ಮೇಲಿರುವಂಥ ಕುಳಿಗಳನ್ನು ತೋಡಿ ಸೆನ್ಸರ್ ಪರೀಕ್ಷೆ ಮಾಡಿದ್ದರು.

2023ರ ಆಗಸ್ಟ್ 23ರ ಸಂಜೆ ನಿಮ್ಮ ಮಗಳು ಟಿವಿಯಲ್ಲಿ ನೋಡಿದ್ದು ಇದರ ಕೊನೆಯ ಇಪ್ಪತ್ತು ನಿಮಿಷ. ಆ ಇಪ್ಪತ್ತು ನಿಮಿಷದಲ್ಲಿ ಕಂಪ್ಯೂಟರ್ ಮುಂದೆ ಕೂತವರು ಲ್ಯಾಂಡರನ್ನು ಓಡಿಸುತ್ತಿರಲಿಲ್ಲ. ಚಂದ್ರ ಸುಮಾರು 3.84 ಲಕ್ಷ ಕಿ.ಮೀ. ದೂರ. ರೇಡಿಯೋ ಸಂದೇಶ ಹೋಗಿ ಬರಲು ಎರಡೂವರೆ ಸೆಕೆಂಡು ಬೇಕು. ಅಷ್ಟರಲ್ಲಿ ಲ್ಯಾಂಡರ್ ಎಲ್ಲೋ ಇರುತ್ತದೆ. ಎಲ್ಲ ನಿರ್ಧಾರವೂ ಅದರದ್ದೇ. ಅಲ್ಲಿ ಕೂತವರು ಸುಮ್ನೆ ನೋಡುತ್ತಿದ್ದರು, ನಮ್ಮ ನಿಮ್ಮ ಹಾಗೇ. ಮಾಡಬೇಕಾದದ್ದನ್ನೆಲ್ಲ ಮೊದಲೇ ಮಾಡಿ ಮುಗಿಸಿದ್ದರು. ಇದೊಂದು ಅರ್ಥವಾದರೆ ಈ ಕೆಲಸದ ಮುಕ್ಕಾಲು ಪಾಲು ಅರ್ಥವಾದಂತೆ.

ಇನ್ನು ‘ಮಿಷನ್ ನಡೆಸುವುದು’ ಅಂದರೆ ಯಾರು ನಡೆಸುವುದು? ಸಿನಿಮಾದಲ್ಲಿ ತೋರಿಸುವ ಹಾಗೆ ಒಬ್ಬರೇ ಇರುವುದಿಲ್ಲ. ಉಪಗ್ರಹ ಕಟ್ಟುವ ತಂಡಕ್ಕೆ ಪ್ರಾಜೆಕ್ಟ್ ಡೈರೆಕ್ಟರ್. ರಾಕೆಟ್ ಹಾರಿಸುವ ದಿನದ ಹೊಣೆ ಮಿಷನ್ ಡೈರೆಕ್ಟರ್ ಹೆಸರಲ್ಲಿ. ಉಪಗ್ರಹ ಮೇಲೆ ಹೋದ ಮೇಲೆ ಅದನ್ನು ನಡೆಸಲು ಆಪರೇಷನ್ಸ್ ಡೈರೆಕ್ಟರ್. ಉಪಗ್ರಹದ ಕಡೆಯಲ್ಲೂ ಮಿಷನ್ ಡೈರೆಕ್ಟರ್ ಇರುವುದುಂಟು, ಪ್ರಯಾಣದ ದಾರಿ ಲೆಕ್ಕ ಹಾಕುವುದು ಅವರ ಕೆಲಸ. 2011ರ ಜುಲೈ 15ರಂದು ಹಾರಿದ ಸಂಪರ್ಕ ಉಪಗ್ರಹ ಜಿಸ್ಯಾಟ್-12ರಲ್ಲಿ ಪ್ರಾಜೆಕ್ಟ್ ಡೈರೆಕ್ಟರ್ ಟಿ.ಕೆ. ಅನುರಾಧಾ, ಮಿಷನ್ ಡೈರೆಕ್ಟರ್ ಪ್ರಮೋದಾ ಹೆಗಡೆ, ಆಪರೇಷನ್ಸ್ ಡೈರೆಕ್ಟರ್ ಅನುರಾಧಾ ಪ್ರಕಾಶಂ. ಮೂವರೂ ಹೆಂಗಸರು. ಚಂದ್ರಯಾನ-2ರಲ್ಲಿ ಪ್ರಾಜೆಕ್ಟ್ ಡೈರೆಕ್ಟರ್ ಎಂ. ವನಿತಾ, ಮಿಷನ್ ಡೈರೆಕ್ಟರ್ ರಿತು ಕರಿಧಾಲ್. ಚಂದ್ರಯಾನ-3ಕ್ಕೆ ಪಿ. ವೀರಮುತ್ತುವೇಲ್, ಅವರ ಜೊತೆಗೆ ಕೆ. ಕಲ್ಪನಾ. ಸೂರ್ಯನ ಕಡೆಗೆ ಹೋದ ಆದಿತ್ಯ-ಎಲ್1ಕ್ಕೆ ನಿಗಾರ್ ಶಾಜಿ. ಹೆಣ್ಣುಮಗಳಿಗೆ ಆಗುವ ಮಾತಾ ಅಂತ ಕೇಳಿದ್ದೀರಿ. ಹೆಸರುಗಳೇ ಉತ್ತರ ಹೇಳುತ್ತವೆ, ಅಲ್ವಾ?

ಆದರೆ ಇವರು ಆ ಕುರ್ಚಿಗೆ ಬಂದ ವರ್ಷ ನೋಡಿ. ನಿಗಾರ್ ಶಾಜಿ ಇಸ್ರೋ ಸೇರಿದ್ದು 1987ರಲ್ಲಿ, ಆದಿತ್ಯ ಹಾರಿದ್ದು 2023ರಲ್ಲಿ. ಟಿ.ಕೆ. ಅನುರಾಧಾ ಬೆಂಗಳೂರಿನ ಯುವಿಸಿಇ ಇಂಜಿನಿಯರಿಂಗ್ ಕಾಲೇಜಿನಲ್ಲಿ ಓದಿ 1982ರಲ್ಲಿ ಸೇರಿದವರು, ಜಿಸ್ಯಾಟ್-12 ಆಗಿದ್ದು 2011ರಲ್ಲಿ. ರಿತು ಕರಿಧಾಲ್ ಸೇರಿದ್ದು 1997ರಲ್ಲಿ, ಮಂಗಳಯಾನದಲ್ಲಿ ಡೆಪ್ಯುಟಿ ಆಗಿದ್ದು, ಆಮೇಲೆ 2019ಕ್ಕೆ ಚಂದ್ರಯಾನ-2. ಅಂದರೆ ಮಗಳ ಕನಸು ಕೈಗೂಡಿದರೂ ಅಷ್ಟು ಹೊತ್ತಿಗೆ ಅವಳ ತಲೆಯಲ್ಲಿ ಬಿಳಿಕೂದಲು ಬಂದಿರುತ್ತದೆ. ಹಾಗಾಗಿ ‘ಡೈರೆಕ್ಟರ್ ಆಗುತ್ತೀಯಾ’ ಅನ್ನುವುದು ಅವಳನ್ನು ಈಗ ಕೇಳಬೇಕಾದ ಪ್ರಶ್ನೆಯೇ ಅಲ್ಲ ಅಂತ ನನ್ನ ಅಭಿಪ್ರಾಯ. ಮೊದಲ ಹದಿನೈದು ಇಪ್ಪತ್ತು ವರ್ಷ ಮಾಡುವ ಕೆಲಸ ಅವಳಿಗೆ ಹಿಡಿಸುತ್ತದಾ? ಅದನ್ನು ಕೇಳಿ.

ಆ ಕೆಲಸ ಹೇಗಿರುತ್ತದೆ ಅಂದರೆ, ಅವಳ ಕೈಗೆ ಒಂದು ಡಬ್ಬಿ ಬರುತ್ತದೆ. ನಮ್ಮಲ್ಲಿ ಅದಕ್ಕೆ ಪ್ಯಾಕೇಜ್ ಅನ್ನುತ್ತಾರೆ. ಬ್ಯಾಟರಿಯಿಂದ ಬಂದ ಕರೆಂಟನ್ನು ಹಂಚುವ ಡಬ್ಬಿ ಇರಬಹುದು. ನಕ್ಷತ್ರ ನೋಡಿ ಉಪಗ್ರಹದ ಮುಖ ಯಾವ ಕಡೆಗಿದೆ ಅಂತ ಹೇಳುವ ಸ್ಟಾರ್ ಸೆನ್ಸರ್ ಇರಬಹುದು. ಅದರ ಸರ್ಕ್ಯೂಟ್, ಅದರ ಪ್ರತಿ ಬಿಡಿಭಾಗದ ಹಿಂದುಮುಂದು, ಅದು ಎಷ್ಟು ಬಿಸಿಯಾದರೆ ಹೇಗೆ ಆಡುತ್ತದೆ, ಎಲ್ಲ ಅವಳಿಗೆ ಬಾಯಿಪಾಠ ಆಗಬೇಕು. ಅದು ಕೆಟ್ಟರೆ ಏನಾಗುತ್ತದೆ, ಕೆಟ್ಟರೂ ಕೆಲಸ ನಡೆಯಲು ಎರಡನೆಯದು ಎಲ್ಲಿದೆ, ಎರಡೂ ಒಂದೇ ಕಾರಣಕ್ಕೆ ಕೆಡಬಹುದಾ? ಈ ಕೊನೆಯ ಪ್ರಶ್ನೆ ತುಂಬಾ ಮುಖ್ಯ. ಚಂದ್ರಯಾನ-1ರಲ್ಲಿ ಬಿಸಿಗೆ ಸ್ಟಾರ್ ಸೆನ್ಸರ್‌ಗಳು ಒಂದಾದ ಮೇಲೊಂದು ಹೋದವು. ಆಮೇಲೆ ಉಪಗ್ರಹ ಎಷ್ಟು ತಿರುಗಿತು ಅಂತ ಅಳೆಯುವ ಗೈರೋ, ಆಂಟೆನಾ ಇವುಗಳ ನೆರವಿನಿಂದ ದಿಕ್ಕು ಅಂದಾಜು ಮಾಡಿ ಮಿಷನ್ ಮುಂದುವರಿಸಿದರು. ಎರಡು ಇಟ್ಟುಬಿಟ್ಟರೆ ಆಯಿತು ಅಂದುಕೊಳ್ಳುವ ಹಾಗಿಲ್ಲ.

ಡಬ್ಬಿ ತಯಾರಾದ ಮೇಲೆ ಪರೀಕ್ಷೆ. ನಾನು ಬದುಕಿನ ಬಹುಪಾಲು ಕಳೆದದ್ದು ಇಲ್ಲೇ, ಸ್ವಲ್ಪ ಜಾಸ್ತಿ ಹೇಳುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ. ಮೊದಲು ವೈಬ್ರೇಶನ್ ಟೇಬಲ್. ರಾಕೆಟ್ ಏರುವಾಗಿನ ನಡುಕವನ್ನು ನೆಲದ ಮೇಲೇ ಕೊಟ್ಟು ನೋಡುವುದು. ಅಲುಗಾಡಿಸುವ ಮೊದಲು ಒಂದು ಸಣ್ಣ ನಡುಕ, ಆಮೇಲೆ ದೊಡ್ಡದು, ಮತ್ತೆ ಅದೇ ಸಣ್ಣದು. ಮೊದಲನೆಯದ್ದೂ ಕೊನೆಯದ್ದೂ ಒಂದೇ ಥರ ಬಂದರೆ ಒಳಗೆ ಏನೂ ಸಡಿಲವಾಗಿಲ್ಲ ಅಂತ ಅರ್ಥ. ನೀವು ಕಾಯಿ ಅಲ್ಲಾಡಿಸಿ, ಒಡೆಯದೆ, ಒಳಗೆ ಕೊಬ್ಬರಿ ಬಿಟ್ಟಿದೆಯಾ ಇಲ್ಲವಾ ಹೇಳುತ್ತೀರಲ್ಲ, ಆ ಥರವೇ.

ಆಮೇಲೆ ಥರ್ಮೋವ್ಯಾಕ್. ದೊಡ್ಡ ಉಕ್ಕಿನ ಕೋಣೆಯಲ್ಲಿ ಉಪಗ್ರಹವನ್ನಿಟ್ಟು ಗಾಳಿ ತೆಗೆದುಬಿಡುತ್ತಾರೆ. ಗಾಳಿಯಿಲ್ಲದಿದ್ದರೆ ಬಿಸಿ ಹೊರಗೆ ಹೋಗುವ ದಾರಿಯೇ ಬೇರೆ. ಇಲ್ಲಿ ಮೇಜಿನ ಮೇಲೆ ತಣ್ಣಗಿದ್ದ ಡಬ್ಬಿ ಅಲ್ಲಿ ಕುದಿಯಬಹುದು. ಒಂದು ಸಲ ಚಳಿ, ಒಂದು ಸಲ ಬಿಸಿ, ಹೀಗೆ ಮತ್ತೆ ಮತ್ತೆ. ಈ ಪರೀಕ್ಷೆ ಶುರುವಾದರೆ ಹಗಲು ರಾತ್ರಿ ನಡೆಯುತ್ತದೆ, ವಾರಗಟ್ಟಲೆ. ನಡುವೆ ನಿಲ್ಲಿಸುವ ಹಾಗಿಲ್ಲ. ಶಿಫ್ಟ್ ಹಾಕಿಕೊಂಡು ಕೂರಬೇಕು. ರಾತ್ರಿ ಮೂರು ಗಂಟೆಗೆ ಪರದೆಯ ಮೇಲೆ ಒಂದು ಅಂಕಿ ಒಂಚೂರು ಆಚೀಚೆ ಆಗುತ್ತದೆ. ಮಿತಿಯೊಳಗೇ ಇದೆ, ಆದರೆ ನಿನ್ನೆ ಹಾಗಿರಲಿಲ್ಲ. ಇಪ್ಪತ್ತೈದರ ಹುಡುಗಿ ಒಬ್ಬಳೇ ಕೂತಿದ್ದಾಳೆ. ಬರೆದಿಟ್ಟರೆ ನಾಳೆ ಹತ್ತು ಜನ ಬಂದು ಪ್ರಶ್ನೆ ಕೇಳುತ್ತಾರೆ, ಪರೀಕ್ಷೆ ಎರಡು ದಿನ ಮುಂದಕ್ಕೆ ಹೋಗುತ್ತದೆ, ಮೇಲಿನವರು ಮುಖ ಗಂಟು ಹಾಕುತ್ತಾರೆ. ಬರೆಯದಿದ್ದರೆ ಯಾರಿಗೂ ಗೊತ್ತಾಗುವುದಿಲ್ಲ. ಅವಳು ಬರೆದಿಡುವವಳಾದರೆ ಈ ಕೆಲಸಕ್ಕೆ ಸರಿ. ಲೆಕ್ಕ, ಸರ್ಕ್ಯೂಟ್, ಕೋಡಿಂಗ್ ಎಲ್ಲ ಕಲಿಸಬಹುದು. ಇದನ್ನು ಕಲಿಸುವುದು ಕಷ್ಟ. ಮುಂದೆ ಯಾರನ್ನು ಡೆಪ್ಯುಟಿ ಮಾಡಬೇಕು ಅಂತ ಹಿರಿಯರು ಯೋಚಿಸುವಾಗ ನೋಡುವುದೂ ಇದನ್ನೇ. ಕನಿಷ್ಠ ನಾನು ಕಂಡ ಒಳ್ಳೆಯ ಹಿರಿಯರು ಹಾಗಿದ್ದರು.

ಡಬ್ಬಿಯಿಂದ ಸಬ್‌ಸಿಸ್ಟಮ್, ಅಲ್ಲಿಂದ ಡೆಪ್ಯುಟಿ ಪ್ರಾಜೆಕ್ಟ್ ಡೈರೆಕ್ಟರ್. ಪ್ರಾಜೆಕ್ಟ್ ಡೈರೆಕ್ಟರ್ ಆದ ಮೇಲೆ ಕೆಲಸದ ಬಣ್ಣವೇ ಬದಲಾಗುತ್ತದೆ. ಸ್ಕ್ರೂಡ್ರೈವರ್ ಕೈಬಿಟ್ಟು ಮೀಟಿಂಗ್ ಹಿಡಿಯಬೇಕು. ಉಪಗ್ರಹದ ಒಟ್ಟು ತೂಕ ಇಷ್ಟೇ ಅಂತ ರಾಕೆಟ್ಟಿನವರು ಹೇಳಿರುತ್ತಾರೆ. ಕ್ಯಾಮೆರಾದವರಿಗೆ ಇನ್ನೂ ಎರಡು ಕಿಲೋ ಬೇಕು, ಬ್ಯಾಟರಿಯವರಿಗೆ ಮೂರು, ಇಂಧನದವರು ಕೊಡಲ್ಲ ಅನ್ನುತ್ತಾರೆ. ಎಲ್ಲರ ವಾದವೂ ನ್ಯಾಯವೇ. ಇಂಥ ಕಡೆ ತೀರ್ಮಾನ ಹೇಳಬೇಕು, ಹೇಳಿಸಿಕೊಂಡವರು ಮರುದಿನವೂ ಮನಸ್ಸಿಟ್ಟು ಕೆಲಸ ಮಾಡುವ ಹಾಗೂ ನೋಡಿಕೊಳ್ಳಬೇಕು. ನಡುನಡುವೆ ರಿವ್ಯೂಗಳು. ವಿನ್ಯಾಸ ಶುರುವಿನಲ್ಲಿ ಒಂದು, ಮುಗಿದಾಗ ಒಂದು, ಪರೀಕ್ಷೆಗೆ ಮೊದಲು, ಶ್ರೀಹರಿಕೋಟಾಕ್ಕೆ ಸಾಗಿಸುವ ಮೊದಲು, ಕೊನೆಗೆ ಉಡಾವಣೆಗೆ ಒಪ್ಪಿಗೆ ಕೊಡುವ ಮಂಡಳಿ. ನಿವೃತ್ತರಾದ ಘಟಾನುಘಟಿಗಳು ಬಂದು ಕೂತು ಬೆವರಿಳಿಸುತ್ತಾರೆ. ಪ್ರಾಜೆಕ್ಟಿನ ಹುಡುಗರಿಗೆ ಅವರ ಮೇಲೆ ಸಿಟ್ಟೂ ಬರುತ್ತದೆ. ನನಗೂ ಬರುತ್ತಿತ್ತು. ಈಗ ನನ್ನನ್ನು ಕರೆದರೆ ನಾನೂ ಅದನ್ನೇ ಮಾಡುತ್ತೇನೆ.

ಬೇಡ ಅನ್ನುವ ಧೈರ್ಯವೂ ಬೇಕು. ಚಂದ್ರಯಾನ-2ನ್ನು 2019ರ ಜುಲೈ 15ಕ್ಕೆ ಹಾರಿಸಬೇಕಿತ್ತು. ಇನ್ನು 56 ನಿಮಿಷ ಇದೆ ಅನ್ನುವಾಗ ರಾಕೆಟ್ಟಿನಲ್ಲಿ ತೊಂದರೆ ಕಂಡಿತು, ನಿಲ್ಲಿಸಿಬಿಟ್ಟರು. ನೋಡಲು ರಾಷ್ಟ್ರಪತಿಗಳೇ ಬಂದು ಕೂತಿದ್ದರು. ಒಂದು ವಾರ ಬಿಟ್ಟು 22ಕ್ಕೆ ಹಾರಿಸಿದರು.

ನನ್ನ ಕೇಳಿದರೆ ಇಸ್ರೋದ ಕೆಲಸಗಳಲ್ಲಿ ಕಲಿಯುವವರಿಗೆ ಅತಿ ಚೆನ್ನಾದ ಪಾಠ ಮಂಗಳಯಾನ. ಎಸ್. ಅರುಣನ್ ಅದರ ಪ್ರಾಜೆಕ್ಟ್ ಡೈರೆಕ್ಟರ್. 2013ರ ನವೆಂಬರ್ 5ಕ್ಕೆ ಹಾರಿತು. ಭೂಮಿಯ ಸುತ್ತ ಕಕ್ಷೆ ಎತ್ತರಿಸುತ್ತಿದ್ದಾಗ, ನವೆಂಬರ್ 11ರಂದು, ಇಂಧನದ ವಾಲ್ವನ್ನು ಕರೆಂಟಿನಿಂದ ತೆರೆಯುವ ಎರಡು ಕಾಯಿಲ್‌ಗಳನ್ನೂ ಒಟ್ಟಿಗೆ ಚಾಲೂ ಮಾಡಿ ನೋಡಿದರು. ಒಂದು ಕೆಟ್ಟರೆ ಇನ್ನೊಂದಿದೆ ಅಂತ ಇಟ್ಟಿದ್ದವು ಅವು. ಎರಡೂ ಒಟ್ಟಿಗೆ ಆದಾಗ ಇಂಧನವೇ ನಿಂತುಹೋಯಿತು. ಸೆಕೆಂಡಿಗೆ 130 ಮೀಟರ್ ವೇಗ ಸೇರಬೇಕಾದಲ್ಲಿ 35 ಮೀಟರ್ ಸೇರಿತು. ಮರುದಿನವೇ ಬಾಕಿ ತೀರಿಸಿದರು. ಭೂಮಿಯ ಹತ್ತಿರ ಇರುವಾಗಲೇ ಇದು ಗೊತ್ತಾದದ್ದು ಒಳ್ಳೆಯದೇ ಆಯಿತು.

ಅಲ್ಲಿಂದ ಮುಂದೆ ದೊಡ್ಡ ಇಂಜಿನ್ ಸುಮಾರು 300 ದಿನ ಉರಿಯದೆ ಮಲಗಿತ್ತು. ಅಷ್ಟು ದಿನ ಸುಮ್ಮನಿದ್ದ ಇಂಜಿನ್ ಮಂಗಳನ ಹತ್ತಿರ ಹೋದಾಗ ಹೊತ್ತಿಕೊಳ್ಳುತ್ತದಾ? ಹೊತ್ತಿಕೊಳ್ಳದಿದ್ದರೆ ನೌಕೆ ಮಂಗಳನನ್ನು ದಾಟಿ ಹೋಗಿಬಿಡುತ್ತದೆ. 2014ರ ಸೆಪ್ಟೆಂಬರ್ 22ರಂದು ನಾಲ್ಕೇ ನಾಲ್ಕು ಸೆಕೆಂಡು ಉರಿಸಿ ನೋಡಿದರು. ಉರಿಯಿತು. ಉರಿಯದೆ ಇದ್ದಿದ್ದರೆ ಎಂಟು ಪುಟ್ಟ ಇಂಜಿನ್‌ಗಳಿಂದಲೇ ಕೆಲಸ ಮುಗಿಸುವ ಲೆಕ್ಕವೂ ತಯಾರಿತ್ತು. 24ರ ಬೆಳಿಗ್ಗೆ ಸುಮಾರು 24 ನಿಮಿಷ ಇಂಜಿನ್ ಉರಿದು ನೌಕೆ ಮಂಗಳನ ಕಕ್ಷೆ ಸೇರಿತು. ಅಲ್ಲಿಂದ ಸಂದೇಶ ಇಲ್ಲಿಗೆ ಬರಲು ಹನ್ನೆರಡು ನಿಮಿಷಕ್ಕೂ ಜಾಸ್ತಿ ಬೇಕಿತ್ತು. ಮಾಡಬೇಕಾದ್ದನ್ನೆಲ್ಲ ದಿನಗಳ ಮೊದಲೇ ನೌಕೆಯ ಕಂಪ್ಯೂಟರಿಗೆ ಕಳಿಸಿಬಿಟ್ಟಿದ್ದರು. ಆರು ತಿಂಗಳು ಬಾಳಲಿ ಅಂತ ಮಾಡಿದ ನೌಕೆ 2022ರವರೆಗೆ ಬಾಳಿತು. ಖರ್ಚು ಸುಮಾರು 450 ಕೋಟಿ ರೂಪಾಯಿ. ಎಲ್ಲರೂ ಆ 450 ಕೋಟಿಯ ಬಗ್ಗೆಯೇ ಮಾತಾಡುತ್ತಾರೆ. ನನಗೆ ಆ ನಾಲ್ಕು ಸೆಕೆಂಡಿನ ಪರೀಕ್ಷೆಯೇ ದೊಡ್ಡದಾಗಿ ಕಾಣುತ್ತದೆ.

ಅಂದಹಾಗೆ ಆ ಬೆಳಿಗ್ಗೆ ಇದನ್ನೆಲ್ಲ ನಡೆಸಿದ್ದು ಪೀಣ್ಯದಿಂದ. ತಿಪಟೂರಿನಿಂದ ಬೆಂಗಳೂರಿಗೆ ಬಸ್ಸಲ್ಲಿ ಬರುವಾಗ ತುಮಕೂರು ರಸ್ತೆಯಲ್ಲಿ ಸಿಗುತ್ತದಲ್ಲ, ಅದೇ ಪೀಣ್ಯ. ಉಪಗ್ರಹಗಳ ಜಾಡು ಹಿಡಿದು ಆದೇಶ ಕಳಿಸುವ ಇಸ್ರೋದ ಕೇಂದ್ರ ಇಸ್ಟ್ರಾಕ್ ಇರುವುದು ಅಲ್ಲಿ. ದೊಡ್ಡ 32 ಮೀಟರ್ ಆಂಟೆನಾ ಮೈಸೂರು ರಸ್ತೆ ಕಡೆಯ ಬ್ಯಾಲಾಳುವಿನಲ್ಲಿದೆ. 1975ರಲ್ಲಿ ಹಾರಿದ ನಮ್ಮ ಮೊದಲ ಉಪಗ್ರಹ ಆರ್ಯಭಟವನ್ನು ಉಡುಪಿ ಕಡೆಯ ಯು.ಆರ್. ರಾವ್ ಅವರ ತಂಡ ಕಟ್ಟಿದ್ದೂ ಪೀಣ್ಯದ ಶೆಡ್ಡುಗಳಲ್ಲೇ. ನಿಮ್ಮಿಂದ ಇನ್ನೊಂದು ದಿಕ್ಕಿಗೆ, ಅರಸೀಕೆರೆ ದಾಟಿ ಹಾಸನಕ್ಕೆ ಹೋದರೆ ಅಲ್ಲೊಂದು ನಿಯಂತ್ರಣ ಕೇಂದ್ರ ಇದೆ. ಟಿವಿ, ಹವಾಮಾನದ ಉಪಗ್ರಹಗಳನ್ನು ನೋಡಿಕೊಳ್ಳುವುದು ಅಲ್ಲಿಂದ. ತುಮಕೂರಿನ ಎಚ್‌ಎಂಟಿ ವಾಚ್ ಫ್ಯಾಕ್ಟರಿಯ ಜಾಗವೂ ಇಸ್ರೋಗೆ ಸೇರಿದೆ. ಹಾಗಂತ ಊರಿನವರಿಗೆ ಮೊದಲು ಕೆಲಸ ಅಂತೇನೂ ಇಲ್ಲ. ಇಂಜಿನಿಯರ್ ಆಯ್ಕೆ ಇಡೀ ದೇಶಕ್ಕೆ ಒಂದೇ. ತಿರುವನಂತಪುರಕ್ಕೋ ಅಹಮದಾಬಾದಿಗೋ ಹಾಕಿದರೆ ಹೋಗಬೇಕು.

ಐಐಟಿ ಬೇಕಾ? ಬೇಡ. ವೀರಮುತ್ತುವೇಲ್ ತಮಿಳುನಾಡಿನ ವಿಲ್ಲುಪುರಂನವರು, ತಂದೆ ರೈಲ್ವೆಯಲ್ಲಿ ಟೆಕ್ನಿಶಿಯನ್. ಮೊದಲು ಡಿಪ್ಲೊಮಾ ಮಾಡಿ, ಆಮೇಲೆ ಖಾಸಗಿ ಕಾಲೇಜಿನಲ್ಲಿ ಬಿಇ ಮಾಡಿದವರು. ಪಿಎಚ್‌ಡಿಯನ್ನು ಐಐಟಿ ಮದ್ರಾಸಿನಲ್ಲಿ ಮಾಡಿದ್ದು ಎಷ್ಟೋ ವರ್ಷದ ಮೇಲೆ. ಸೈಂಟಿಸ್ಟ್/ಇಂಜಿನಿಯರ್ ‘ಎಸ್‌ಸಿ’ ಅನ್ನುವ ಮೊದಲ ಹುದ್ದೆಗೆ ಬಿಇಯಲ್ಲಿ ಶೇ 65 ಅಥವಾ 10ಕ್ಕೆ 6.84 ಸಿಜಿಪಿಎ ಕೇಳುತ್ತಾ ಬಂದಿದ್ದಾರೆ. ವಯಸ್ಸಿನ ಮಿತಿ ಸಾಮಾನ್ಯ ವರ್ಗಕ್ಕೆ 28. ಮೆಕ್ಯಾನಿಕಲ್, ಎಲೆಕ್ಟ್ರಾನಿಕ್ಸ್, ಕಂಪ್ಯೂಟರ್ ಸೈನ್ಸ್ ಈ ಮೂರಕ್ಕೇ ಹೆಚ್ಚು ಹುದ್ದೆ, ಮಗಳ ವಿಷಯ ಅದರಲ್ಲಿದೆ. ಲಿಖಿತ ಪರೀಕ್ಷೆ, ಆಮೇಲೆ ಸಂದರ್ಶನ. ಕೆಲವು ಸಲ ಎಂಟೆಕ್‌ಗೆ ಸೇರಲು ಬರೆಯುವ ಗೇಟ್ ಪರೀಕ್ಷೆಯ ಅಂಕದ ಮೇಲೆ ಕರೆಯುವುದೂ ಇದೆ. ಸಂದರ್ಶನದಲ್ಲಿ ಚಂದ್ರಯಾನ ಯಾವತ್ತು ಹಾರಿತು ಅಂತ ಕೇಳುವುದಿಲ್ಲ. ಟ್ರಾನ್ಸಿಸ್ಟರ್ ಹೇಗೆ ಕೆಲಸ ಮಾಡುತ್ತದೆ ಅಂತ ಶುರು ಮಾಡಿ, ಗೊತ್ತಿಲ್ಲ ಅನ್ನುವವರೆಗೂ ಕೆದಕುತ್ತಾರೆ. ಆಗ ಗೊತ್ತಿಲ್ಲ ಅಂತ ನೇರವಾಗಿ ಹೇಳುವವರೇ ಲೇಸು.

ಸಂಬಳ: ಕೇಂದ್ರ ಸರ್ಕಾರದ ಲೆವೆಲ್ 10. ಏಳನೇ ವೇತನ ಆಯೋಗದ ಪ್ರಕಾರ ಮೂಲ ವೇತನ 56,100 ರೂಪಾಯಿಂದ ಶುರು, ಅದರ ಮೇಲೆ ಡಿಎ, ಮನೆ ಬಾಡಿಗೆ ಭತ್ಯೆ. ಎಸ್‌ಸಿಯಿಂದ ಎಸ್‌ಡಿ, ಎಸ್‌ಇ, ಎಸ್‌ಎಫ್, ಎಸ್‌ಜಿ ಹೀಗೆ ಮೇಲೇರುತ್ತಾರೆ. ಮೇಲಿನ ಕುರ್ಚಿ ಖಾಲಿಯಾಗಲಿ ಅಂತ ಕಾಯಬೇಕಿಲ್ಲ. ಕೆಲವು ವರ್ಷಕ್ಕೊಮ್ಮೆ ಸಂದರ್ಶನದಲ್ಲಿ ಕೆಲಸ ತೋರಿಸಿದರೆ ಬಡ್ತಿ. ಬದುಕಿಗೆ ಏನೂ ಕೊರತೆಯಿಲ್ಲ. ಆದರೆ ಜೊತೆಗೆ ಓದಿದ ಹುಡುಗಿ ಸಾಫ್ಟ್‌ವೇರ್ ಕಂಪನಿಯಲ್ಲಿ ಹತ್ತು ವರ್ಷ ಬಿಟ್ಟು ಎಷ್ಟು ತೆಗೆದುಕೊಳ್ಳುತ್ತಾಳೆ ಅಂತ ಹೋಲಿಸಲು ಹೋಗಬೇಡಿ. ಹೊಟ್ಟೆ ಉರಿಯುತ್ತದೆ. ನನ್ನ ಜೊತೆಯವರು ಕೆಲವರು ಇದೇ ಕಾರಣಕ್ಕೆ ಬಿಟ್ಟು ಹೋದರು. ತಪ್ಪೇನಿಲ್ಲ, ಅವರ ಸಂಸಾರ ಅವರದ್ದು.

ಮದುವೆ, ಮನೆ. ಇಲ್ಲಿ ಸಕ್ಕರೆ ಲೇಪಿಸಿ ಹೇಳುವುದು ನನಗಿಷ್ಟವಿಲ್ಲ. ವರ್ಷವಿಡೀ ರಾತ್ರಿ ಹಗಲು ದುಡಿಯಬೇಕು ಅನ್ನುವುದು ಸುಳ್ಳು. ಎಷ್ಟೋ ತಿಂಗಳು ಸಂಜೆ ಬಸ್ಸಿಗೆ ಮನೆಗೆ ಬರುತ್ತಾರೆ. ಪರೀಕ್ಷೆ ಶುರುವಾದಾಗ, ಉಡಾವಣೆಗೆ ಶಾರ್‌ಗೆ, ಅಂದರೆ ಶ್ರೀಹರಿಕೋಟಾಕ್ಕೆ ಹೋದಾಗ ಮಾತ್ರ ಲೆಕ್ಕ ತಪ್ಪುತ್ತದೆ. ವಾರಗಳಾಗಬಹುದು, ತಿಂಗಳೂ ಆಗಬಹುದು. ಆಗ ಮಗುವಿಗೆ ಜ್ವರ ಬಂದರೆ ಯಾರು ನೋಡುತ್ತಾರೆ ಅನ್ನುವುದು ಪ್ರಶ್ನೆ. ಗಂಡಸರಿಗೆ ಈ ಪ್ರಶ್ನೆ ಯಾರೂ ಕೇಳಲಿಲ್ಲ. ನನ್ನ ಮನೆಯಲ್ಲಿ ನನ್ನ ಹೆಂಡತಿಯೇ ಎಲ್ಲ ನೋಡಿಕೊಂಡಳು, ನನಗೆ ಅದು ಕಾಣಿಸಲೂ ಇಲ್ಲ. ನಮ್ಮ ಜೊತೆಗಿದ್ದ ಹೆಣ್ಣುಮಕ್ಕಳಲ್ಲಿ ಮೇಲಕ್ಕೆ ಹೋದವರ ಮನೆಯಲ್ಲಿ ಅಮ್ಮನೋ ಅತ್ತೆಯೋ ಗಂಡನೋ ಗಟ್ಟಿಯಾಗಿ ನಿಂತಿದ್ದರು. ಹಾಗಾಗಿ ಸಂಬಂಧ ನೋಡುವಾಗ ಜಾತಕದ ಜೊತೆ ಇದನ್ನೂ ಕೇಳಿ: ‘ಇವಳು ಒಂದು ತಿಂಗಳು ಶಾರ್‌ಗೆ ಹೋದರೆ ಅಡುಗೆ ಯಾರು ಮಾಡುತ್ತೀರಿ?’ ಹುಡುಗನ ಮುಖ ನೋಡಿದರೆ ಉತ್ತರ ಸಿಗುತ್ತದೆ.

ಇಸ್ರೋ ಒಂದೇ ದಾರಿ ಅನ್ನುವ ಕಾಲವೂ ಈಗ ಇಲ್ಲ. 2020ರಲ್ಲಿ ಖಾಸಗಿಯವರಿಗೆ ಬಾಗಿಲು ತೆರೆದ ಮೇಲೆ ಬೆಂಗಳೂರಿನಲ್ಲೇ ಪಿಕ್ಸೆಲ್, ದಿಗಂತರ, ಬೆಲ್ಲಾಟ್ರಿಕ್ಸ್‌ನಂಥ ಕಂಪನಿಗಳಿವೆ. ಚಿಕ್ಕ ತಂಡ, ಹಾಗಾಗಿ ಹುಡುಗರ ಕೈಗೆ ದೊಡ್ಡ ಕೆಲಸ ಬೇಗ ಬರುತ್ತದೆ. ಭದ್ರತೆ ಕಡಿಮೆ. ಗುಬ್ಬಿ ತಾಲ್ಲೂಕಿನ ಎಚ್‌ಎಎಲ್ ಹೆಲಿಕಾಪ್ಟರ್ ಕಾರ್ಖಾನೆ ನಿಮಗೆ ಹತ್ತಿರ. ಅದು ಬಾಹ್ಯಾಕಾಶದ್ದಲ್ಲದಿದ್ದರೂ ವೈಬ್ರೇಶನ್, ಪರೀಕ್ಷೆ, ದಾಖಲೆ ಇಡುವ ಶಿಸ್ತು ಎಲ್ಲ ಅದೇ ಜಾತಿಯದು.

ಈಗ ಅವಳು ಏನು ಮಾಡಬೇಕು? ಕಂಟ್ರೋಲ್ ಸಿಸ್ಟಮ್ಸ್, ಸಿಗ್ನಲ್ಸ್, ಪ್ರಾಬಬಿಲಿಟಿ ಈ ಮೂರನ್ನು ಪರೀಕ್ಷೆಗೆ ಅಂತ ಓದದೆ ಅರ್ಥವಾಗುವ ಹಾಗೆ ಓದಲಿ. ಸಿ ಭಾಷೆ ಚೆನ್ನಾಗಿ ಬರಲಿ. ಲ್ಯಾಬಿನಲ್ಲಿ ಸೋಲ್ಡರಿಂಗ್ ಮಾಡುವಾಗ ಹುಡುಗರಿಗೆ ಬಿಟ್ಟು ತಾನು ರೆಕಾರ್ಡ್ ಬರೆಯುತ್ತಾ ಕೂರುವುದು ಬೇಡ. ಕಾಲೇಜಿನ ಪ್ರಾಜೆಕ್ಟ್ ಏನೇ ಮಾಡಿದರೂ ಅದು ಯಾವಾಗ ಕೈಕೊಡುತ್ತದೆ ಅಂತ ಹುಡುಕಿ, ಬಿಸಿಲಲ್ಲಿಟ್ಟು, ಅಲ್ಲಾಡಿಸಿ, ವೋಲ್ಟೇಜ್ ಏರಿಳಿಸಿ ನೋಡಿ, ಕಂಡದ್ದನ್ನು ನೋಟ್‌ಬುಕ್ಕಿನಲ್ಲಿ ದಿನಾಂಕ ಹಾಕಿ ಬರೆದಿಡಲಿ. ಎರಡು ದಿನದ ‘ಸ್ಪೇಸ್ ಕೋರ್ಸ್’ ಮಾಡಿಸಿ ಸಾವಿರಾರು ರೂಪಾಯಿಗೆ ಸರ್ಟಿಫಿಕೇಟ್ ಕೊಡುವವರು ತುಂಬಾ ಇದ್ದಾರೆ. ಅದಕ್ಕೆ ಒಂದು ರೂಪಾಯಿ ಕೊಡಬೇಡಿ. ಬದಲಿಗೆ ಒಂದು ಸಲ ಶ್ರೀಹರಿಕೋಟಾಕ್ಕೆ ಕರೆದುಕೊಂಡು ಹೋಗಿ. ಉಡಾವಣೆ ನೋಡಲು ಅಲ್ಲಿ ಜನರಿಗೆ ಗ್ಯಾಲರಿ ಇದೆ, ಮೊದಲೇ ಆನ್‌ಲೈನಿನಲ್ಲಿ ಹೆಸರು ಬರೆಸಬೇಕು.

ಮೂರನೇ ವರ್ಷದ ಕೊನೆಯಿಂದ ಗೇಟ್‌ಗೆ ಓದಲಿ. ಇಸ್ರೋಗೆ ಆಗದಿದ್ದರೂ ಎಂಟೆಕ್‌ಗೆ ಬರುತ್ತದೆ. ಕ್ಯಾಂಪಸ್‌ನಲ್ಲಿ ಒಳ್ಳೆಯ ಕೆಲಸ ಸಿಕ್ಕರೆ ಬಿಡುವುದು ಬೇಡ. ಇಸ್ರೋ ಜಾಹೀರಾತು ಪ್ರತಿ ವರ್ಷ ಇಂಥ ತಿಂಗಳಿಗೇ ಬರುತ್ತದೆ ಅಂತ ನೆಚ್ಚಿಕೊಳ್ಳುವ ಹಾಗಿಲ್ಲ. ಕೆಲಸದಲ್ಲಿದ್ದುಕೊಂಡೇ 28ರೊಳಗೆ ಕೆಲವು ಸಲ ಪ್ರಯತ್ನಿಸಬಹುದು. ಅಷ್ಟರೊಳಗೆ ಅವಳ ಮನಸ್ಸು ಬೇರೆ ಕಡೆ ತಿರುಗಿದರೆ ತಿರುಗಲಿ, ‘ಅವತ್ತು ಹಾಗಂದೆಯಲ್ಲ’ ಅಂತ ನೀವು ಹಂಗಿಸಬೇಡಿ.